ಕಡೂರಿಗೆ ಹಾಸನದ ಎಂಪಿ, ಬೈಂದೂರಿಗೆ ಶಿವಮೊಗ್ಗದ ಎಂಪಿ ಯಾಕೆ? ಲೋಕಸಭಾ ಕ್ಷೇತ್ರದ ಗಡಿ ಹಾಕೋರು ಯಾರು, ಮತ್ತೆ ಬದಲಾಗೋದು ಯಾವಾಗ?

ಚಿಕ್ಕಮಗಳೂರು: ಬಿ.ಎಚ್. ರಸ್ತೆಯಲ್ಲಿ ಬೀರೂರು ದಾಟಿ ತರೀಕೆರೆ ಕಡೆ ಹೊರಟರೆ ಜಿಲ್ಲೆ ಬದಲಾಗಲ್ಲ, ಡಿಸಿ ಬದಲಾಗಲ್ಲ, ಆದರೆ ಎಂಪಿ ಬದಲಾಗ್ತಾರೆ. ಬೀರೂರಿನ ಅಂಗಡಿಯವರು ಲೋಕಸಭೆಗೆ ಓಟು ಹಾಕೋದು ಹಾಸನ ಕ್ಷೇತ್ರಕ್ಕೆ. ತರೀಕೆರೆಯವರು ಹಾಕೋದು ಉಡುಪಿ-ಚಿಕ್ಕಮಗಳೂರಿಗೆ. ಘಟ್ಟದ ಕೆಳಗೂ ಇದೇ ಕಥೆ. ಉಡುಪಿ ಜಿಲ್ಲೆಯ ಬೈಂದೂರಿನ ಜನ ಘಟ್ಟ ಹತ್ತಿ ಶಿವಮೊಗ್ಗದ ಎಂಪಿಯನ್ನ ಆರಿಸಬೇಕು.

"ಇದೆಲ್ಲ ಯಾರೋ ರಾಜಕಾರಣಿ ತನಗೆ ಬೇಕಾದಂಗೆ ಮಾಡಿಸಿಕೊಂಡಿದ್ದು" ಅನ್ನೋ ಮಾತು ಪ್ರತಿ ಚುನಾವಣೆಯಲ್ಲೂ ಕೇಳಿಬರತ್ತೆ. ಆದರೆ ಕಡೂರಿನ ವಿಷಯದಲ್ಲಿ ಲೆಕ್ಕ ಬಿಡಿಸಿ ನೋಡಿದರೆ ಸಿಗೋದು ಎಂಟರ ಮಗ್ಗಿ. ಇದೇ ಮಗ್ಗಿ ಮುಂದಿನ ಸಲ ನಮ್ಮ ಜಿಲ್ಲೆಯ ಒಂದು ವಿಧಾನಸಭಾ ಕ್ಷೇತ್ರವನ್ನೇ ನುಂಗುವ ಸಾಧ್ಯತೆ ಇದೆ. ಹಾಗಾಗಿ ಈ ಪದ್ಧತಿ ಹೇಗೆ ನಡೆಯತ್ತೆ ಅಂತ ಈಗಲೇ ತಿಳಿದುಕೊಳ್ಳೋದು ಒಳ್ಳೆಯದು.

ಎಂಟರ ಲೆಕ್ಕ

ಕರ್ನಾಟಕದಲ್ಲಿ 224 ವಿಧಾನಸಭಾ ಕ್ಷೇತ್ರ, 28 ಲೋಕಸಭಾ ಕ್ಷೇತ್ರ ಇವೆ. ಭಾಗಿಸಿದರೆ ಒಂದು ಲೋಕಸಭಾ ಕ್ಷೇತ್ರಕ್ಕೆ ಸರಿಯಾಗಿ 8 ವಿಧಾನಸಭಾ ಕ್ಷೇತ್ರ. ಒಂದು ವಿಧಾನಸಭಾ ಕ್ಷೇತ್ರ ಪೂರ್ತಿಯಾಗಿ ಒಂದೇ ಲೋಕಸಭಾ ಕ್ಷೇತ್ರದ ಒಳಗಿರಬೇಕು, ಅರ್ಧ ಇಲ್ಲಿ ಅರ್ಧ ಅಲ್ಲಿ ಮಾಡೋ ಹಾಗಿಲ್ಲ. ಇದು ಕಾನೂನು.

ಈಗ ನಮ್ಮ ಜಿಲ್ಲೆ ನೋಡಿ. ಶೃಂಗೇರಿ, ಮೂಡಿಗೆರೆ, ಚಿಕ್ಕಮಗಳೂರು, ತರೀಕೆರೆ, ಕಡೂರು, ಒಟ್ಟು 5. ಉಡುಪಿ ಜಿಲ್ಲೆಯಲ್ಲಿ ಬೈಂದೂರು, ಕುಂದಾಪುರ, ಉಡುಪಿ, ಕಾಪು, ಕಾರ್ಕಳ, ಅಲ್ಲೂ 5. ಕೂಡಿಸಿದರೆ 10. ಎಂಟು ಸಾಕು, ಎರಡು ಹೆಚ್ಚು. ಪಕ್ಕದ ಹಾಸನ ಜಿಲ್ಲೆಯಲ್ಲಿ 7 ಇವೆ, ಒಂದು ಕಡಿಮೆ. ಶಿವಮೊಗ್ಗ ಜಿಲ್ಲೆಯಲ್ಲೂ 7, ಅಲ್ಲೂ ಒಂದು ಕಡಿಮೆ. ಹಾಸನಕ್ಕೆ ತಾಗಿಕೊಂಡಿರೋ ಕಡೂರು ಹಾಸನಕ್ಕೆ ಹೋಯ್ತು, ಶಿವಮೊಗ್ಗಕ್ಕೆ ತಾಗಿಕೊಂಡಿರೋ ಬೈಂದೂರು ಶಿವಮೊಗ್ಗಕ್ಕೆ ಹೋಯ್ತು. ನಾಲ್ಕೂ ಜಿಲ್ಲೆಯ ಲೆಕ್ಕ ಸರಿಹೋಯ್ತು.

ನಮಗೊಬ್ಬರಿಗೇ ಹೀಗೆ ಆಗಿದ್ದಲ್ಲ. ಬೆಂಗಳೂರು ನಗರ ಜಿಲ್ಲೆಯಲ್ಲಿ 28 ವಿಧಾನಸಭಾ ಕ್ಷೇತ್ರ ಇವೆ. ಬೆಂಗಳೂರು ಉತ್ತರ, ಕೇಂದ್ರ, ದಕ್ಷಿಣ ಸೇರಿ ಮೂರಕ್ಕೆ 24 ಹೋದವು. ಉಳಿದ ನಾಲ್ಕರಲ್ಲಿ ಯಲಹಂಕ ಚಿಕ್ಕಬಳ್ಳಾಪುರದ ಪಾಲಾಯ್ತು. ಆನೇಕಲ್, ರಾಜರಾಜೇಶ್ವರಿನಗರ, ಬೆಂಗಳೂರು ದಕ್ಷಿಣ ವಿಧಾನಸಭಾ ಕ್ಷೇತ್ರಗಳು ಬೆಂಗಳೂರು ಗ್ರಾಮಾಂತರಕ್ಕೆ ಸೇರಿದವು.

ಲೆಕ್ಕ ಸರಿ ಇದ್ದ ಮಾತ್ರಕ್ಕೆ ತೊಂದರೆ ಇಲ್ಲ ಅಂತಲ್ಲ. ಉಡುಪಿ-ಚಿಕ್ಕಮಗಳೂರು ಕ್ಷೇತ್ರದ ಒಂದು ತುದಿಯಲ್ಲಿ ಕುಂದಾಪುರದ ಮೀನುಗಾರರು, ಇನ್ನೊಂದು ತುದಿಯಲ್ಲಿ ಅಜ್ಜಂಪುರದ ಈರುಳ್ಳಿ ಬೆಳೆಗಾರರು. ನಡುವೆ ಪಶ್ಚಿಮ ಘಟ್ಟ. ಎಂಪಿ ನಾಮಪತ್ರ ಸಲ್ಲಿಸೋದು ಉಡುಪಿ ಡಿಸಿ ಹತ್ತಿರ. ಕಡೂರಿನ ಮಟ್ಟಿಗೆ ಅದು ಹಾಸನ ಡಿಸಿ ಹತ್ತಿರ. ಅಂದರೆ ಒಂದು ಕಾಲಕ್ಕೆ ಇಂದಿರಾ ಗಾಂಧಿಯವರನ್ನ ಗೆಲ್ಲಿಸಿ ದೇಶಕ್ಕೆಲ್ಲ ಹೆಸರಾಗಿದ್ದ ಚಿಕ್ಕಮಗಳೂರಲ್ಲಿ ಇವತ್ತು ಲೋಕಸಭೆಗೆ ನಾಮಪತ್ರ ಕೊಡೋ ಕಚೇರಿಯೇ ಇಲ್ಲ. ಅದು 1978ರ ಉಪಚುನಾವಣೆ. ಬರೀ 'ಚಿಕ್ಕಮಗಳೂರು' ಅನ್ನೋ ಹೆಸರಿನ ಆ ಕ್ಷೇತ್ರ 2008ರಲ್ಲಿ ಮುಗಿಯಿತು.

ಹೊಸ ಕ್ಷೇತ್ರ ಆದಮೇಲೆ 2009ರಲ್ಲಿ ಡಿ.ವಿ. ಸದಾನಂದ ಗೌಡ, 2012ರ ಉಪಚುನಾವಣೆಯಲ್ಲಿ ಕೆ. ಜಯಪ್ರಕಾಶ್ ಹೆಗ್ಡೆ, 2014 ಮತ್ತು 2019ರಲ್ಲಿ ಶೋಭಾ ಕರಂದ್ಲಾಜೆ, 2024ರಲ್ಲಿ ಕೋಟ ಶ್ರೀನಿವಾಸ ಪೂಜಾರಿ ಗೆದ್ದರು. ನಾಲ್ವರೂ ಘಟ್ಟದ ಕೆಳಗಿನವರು. ಅವರ ಕೆಲಸದ ಬಗ್ಗೆ ಇಲ್ಲಿ ಮಾತಿಲ್ಲ, ಗಡಿ ಬದಲಾದರೆ ಟಿಕೆಟ್ ಯಾವ ಕಡೆಗೆ ವಾಲತ್ತೆ ಅನ್ನೋದಕ್ಕೆ ಇದು ಉದಾಹರಣೆ ಅಷ್ಟೆ. ಎಂಪಿ ನಿಧಿ ವರ್ಷಕ್ಕೆ 5 ಕೋಟಿ ರೂಪಾಯಿ. ಎಂಟು ವಿಧಾನಸಭಾ ಕ್ಷೇತ್ರಕ್ಕೆ ಸಮನಾಗಿ ಹಂಚಿದರೂ ಒಂದಕ್ಕೆ 62.5 ಲಕ್ಷ. ಸಮನಾಗಿ ಹಂಚಲೇಬೇಕು ಅಂತ ನಿಯಮವೂ ಇಲ್ಲ. ಅಂಚಿನ ತಾಲ್ಲೂಕಿನವರು ಬಸ್ ನಿಲ್ದಾಣದ ತಂಗುದಾಣಕ್ಕೆ, ರೈಲ್ವೆ ಕೆಳಸೇತುವೆಗೆ ಅರ್ಜಿ ಹಿಡಿದುಕೊಂಡು ಯಾವ ಊರಿಗೆ ಓಡಬೇಕು ಅನ್ನೋದು ಈ ಗಡಿ ಮೇಲೆ ನಿಂತಿದೆ.

ಗಡಿ ಹಾಕೋದು ಯಾರು?

ಸರ್ಕಾರ ಅಲ್ಲ, ಡಿಸಿ ಅಲ್ಲ, ವಿಧಾನಸಭೆಯೂ ಅಲ್ಲ. ಕ್ಷೇತ್ರ ಪುನರ್ವಿಂಗಡಣಾ ಆಯೋಗ ಅಂತ ಒಂದು ಇರತ್ತೆ. ಇದು ಖಾಯಂ ಆಯೋಗ ಅಲ್ಲ. ಸಂವಿಧಾನದ 82ನೇ ವಿಧಿ ಪ್ರಕಾರ ಜನಗಣತಿ ಆದಮೇಲೆ ಸಂಸತ್ತು ಒಂದು ಕಾಯ್ದೆ ಮಾಡಬೇಕು, ಆ ಕಾಯ್ದೆ ಅಡಿ ಆಯೋಗ ಹುಟ್ಟತ್ತೆ, ಕೆಲಸ ಮುಗಿದ ಮೇಲೆ ಮುಚ್ಚಿಹೋಗತ್ತೆ. ಇಲ್ಲಿವರೆಗೆ ದೇಶಕ್ಕೆಲ್ಲ ಸೇರಿ ಇಂಥ ನಾಲ್ಕು ಕಾಯ್ದೆ ಬಂದಿವೆ: 1952, 1962, 1972, 2002.

ಕೊನೆಯದಾದ 2002ರ ಆಯೋಗಕ್ಕೆ ಸುಪ್ರೀಂ ಕೋರ್ಟ್ ನಿವೃತ್ತ ನ್ಯಾಯಮೂರ್ತಿ ಕುಲದೀಪ್ ಸಿಂಗ್ ಅಧ್ಯಕ್ಷರಾಗಿದ್ದರು. ಅವರ ಜೊತೆ ಕೇಂದ್ರ ಚುನಾವಣಾ ಆಯೋಗದ ಒಬ್ಬರು, ಆಯಾ ರಾಜ್ಯದ ಚುನಾವಣಾ ಆಯುಕ್ತರು. ಮೂರೇ ಜನ. ಹಾಗಾದ್ರೆ ರಾಜಕಾರಣಿಗಳಿಗೆ ಜಾಗವೇ ಇಲ್ವಾ? ಇದೆ. ಪ್ರತಿ ರಾಜ್ಯದಿಂದ 5 ಲೋಕಸಭಾ ಸದಸ್ಯರು, 5 ಶಾಸಕರು ಸಹ ಸದಸ್ಯರಾಗಿ ಕೂರ್ತಾರೆ. ಮಾತಾಡಬಹುದು, ಆಕ್ಷೇಪ ಬರೆದುಕೊಡಬಹುದು. ಆದರೆ ಮತ ಹಾಕುವ ಹಕ್ಕಿಲ್ಲ, ಆದೇಶಕ್ಕೆ ಸಹಿ ಹಾಕುವ ಹಕ್ಕೂ ಇಲ್ಲ. ಒಳಗೆ ಕೂತವರ ಪ್ರಭಾವ ನಡೆಯೋದೇ ಇಲ್ಲ ಅಂತ ಯಾರೂ ಪ್ರಮಾಣ ಮಾಡಿ ಹೇಳೋಕೆ ಆಗಲ್ಲ, ಅಂತಿಮ ನಿರ್ಧಾರ ಮಾತ್ರ ಆ ಮೂವರದ್ದೇ.

ಆಯೋಗ ನೋಡಬೇಕಾದ ಅಂಶಗಳನ್ನ ಕಾಯ್ದೆಯ 9ನೇ ಕಲಂ ಹೇಳತ್ತೆ. ಕ್ಷೇತ್ರ ಆದಷ್ಟು ಒಂದೇ ಕಡೆ ಒತ್ತಾಗಿ ಇರಬೇಕು. ಬೆಟ್ಟ, ನದಿಯಂಥ ನೈಸರ್ಗಿಕ ಲಕ್ಷಣ, ಈಗಿರೋ ಆಡಳಿತ ಗಡಿ, ಸಂಚಾರ ಸೌಲಭ್ಯ, ಸಾರ್ವಜನಿಕರ ಅನುಕೂಲ ಇವನ್ನೆಲ್ಲ ಗಮನಿಸಬೇಕು. ಇದರ ಮೇಲೆ ಜನಸಂಖ್ಯೆ ಆದಷ್ಟು ಸಮ ಇರಬೇಕು. ಸರಾಸರಿಗಿಂತ ಶೇ 10ರಷ್ಟು ಹೆಚ್ಚು ಕಡಿಮೆ ಆದರೆ ನಡೆಯತ್ತೆ ಅಂತ ಕಳೆದ ಆಯೋಗ ಇಟ್ಟುಕೊಂಡಿತ್ತು.

ಓದೋಕೆ ಎಲ್ಲ ಚೆನ್ನಾಗಿದೆ. ಆದರೆ ಜನಸಂಖ್ಯೆ ಮತ್ತು ಭೂಗೋಳ ಜಗಳಕ್ಕೆ ಬಿದ್ದರೆ ಸಾಮಾನ್ಯವಾಗಿ ಗೆಲ್ಲೋದು ಜನಸಂಖ್ಯೆ. ಘಟ್ಟದ ಮೇಲಿನವರನ್ನೂ ಕೆಳಗಿನವರನ್ನೂ ಒಂದೇ ಕ್ಷೇತ್ರ ಮಾಡಿದ್ದೇ ಅದಕ್ಕೆ ಸಾಕ್ಷಿ. 2022ರಲ್ಲಿ ಜಮ್ಮು ಕಾಶ್ಮೀರದಲ್ಲೂ ಹೀಗೇ ಆಯ್ತು. ಅಲ್ಲಿಗೆ ಪ್ರತ್ಯೇಕ ಆಯೋಗ ಇತ್ತು. 90 ವಿಧಾನಸಭಾ ಕ್ಷೇತ್ರವನ್ನ 5 ಲೋಕಸಭೆಗೆ ತಲಾ 18ರಂತೆ ಹಂಚಿ, ಪೀರ್ ಪಂಜಾಲ್ ಬೆಟ್ಟಸಾಲಿನ ಎರಡೂ ಬದಿ ಸೇರಿಸಿ ಅನಂತನಾಗ್-ರಜೌರಿ ಅಂತ ಒಂದು ಕ್ಷೇತ್ರ ಮಾಡಿದರು. ಅಲ್ಲಿಯೂ ದೊಡ್ಡ ಗಲಾಟೆ ಆಯ್ತು, ಗಡಿ ಹಾಗೇ ಉಳಿಯಿತು.

ಮೀಸಲಾತಿಯನ್ನೂ ಇದೇ ಆಯೋಗ ನಿಗದಿ ಮಾಡತ್ತೆ. ಪರಿಶಿಷ್ಟ ಪಂಗಡದ ಮೀಸಲು ಕ್ಷೇತ್ರ, ಪಂಗಡದ ಜನರ ಪ್ರಮಾಣ ಅತಿ ಹೆಚ್ಚಿರೋ ಕಡೆ ಬರತ್ತೆ. ಪರಿಶಿಷ್ಟ ಜಾತಿಯದ್ದು ಪ್ರಮಾಣ ಹೆಚ್ಚಿರೋ ಕಡೆಗಳಲ್ಲೇ ಆದರೂ ರಾಜ್ಯದ ಬೇರೆ ಬೇರೆ ಭಾಗಕ್ಕೆ ಹಂಚಿಹೋಗಬೇಕು. ನಮ್ಮ ಜಿಲ್ಲೆಯಲ್ಲಿ ಮೂಡಿಗೆರೆ ಪರಿಶಿಷ್ಟ ಜಾತಿಗೆ ಮೀಸಲು. ಮುಂದಿನ ಆಯೋಗ ಬಂದಾಗ ಇದೆಲ್ಲ ಹೊಸದಾಗಿ ಲೆಕ್ಕಕ್ಕೆ ಬರತ್ತೆ.

ಇಲ್ಲೊಂದು ಮಾತು. ಜಿಲ್ಲಾ ಪಂಚಾಯ್ತಿ, ತಾಲ್ಲೂಕು ಪಂಚಾಯ್ತಿ ಕ್ಷೇತ್ರದ ಗಡಿ ಬೇರೆ ವಿಷಯ, ಅದು ರಾಜ್ಯದ ಕಾನೂನಿನಲ್ಲಿ ನಡೆಯತ್ತೆ. ಮತದಾರರ ಪಟ್ಟಿ ಪರಿಷ್ಕರಣೆಯೂ ಬೇರೆ. ಮೂರನ್ನೂ ಒಂದೇ ಅಂದುಕೊಂಡು ಜನ ತಾಲ್ಲೂಕು ಕಚೇರಿಯಲ್ಲಿ ವಿಚಾರಿಸ್ತಾರೆ, ಅಲ್ಲಿನವರಿಗೂ ಉತ್ತರಿಸಿ ಸಾಕಾಗಿರತ್ತೆ. ಹೊಸ ತಾಲ್ಲೂಕು ಆದ ತಕ್ಷಣ ಎಂಎಲ್ಎ ಕ್ಷೇತ್ರವೂ ಬದಲಾಗಲ್ಲ. ಅಜ್ಜಂಪುರ ಈಗ ಬೇರೆ ತಾಲ್ಲೂಕು, ಆದರೂ ವಿಧಾನಸಭೆಗೆ ತರೀಕೆರೆ ಕ್ಷೇತ್ರವೇ. ಕಳಸ ತಾಲ್ಲೂಕು ಆಯ್ತು, ಕ್ಷೇತ್ರ ಮೂಡಿಗೆರೆಯೇ.

ಬೀರೂರು ಕ್ಷೇತ್ರ ಹೋಗಿದ್ದು ಹೇಗೆ?

ಹಳಬರಿಗೆ ನೆನಪಿರತ್ತೆ, 2008ಕ್ಕೆ ಮೊದಲು ನಮ್ಮ ಜಿಲ್ಲೆಯಲ್ಲಿ 6 ಶಾಸಕರಿದ್ದರು. ಬೀರೂರೇ ಒಂದು ಕ್ಷೇತ್ರವಾಗಿತ್ತು. ಉಡುಪಿಯಲ್ಲಿ ಬ್ರಹ್ಮಾವರ ಇತ್ತು, ಹಾಸನದಲ್ಲಿ ಗಂಡಸಿ ಇತ್ತು, ಶಿವಮೊಗ್ಗದಲ್ಲಿ ಹೊಸನಗರ ಇತ್ತು. ನಾಲ್ಕೂ ಹೋದವು.

ಕಾರಣ 2001ರ ಜನಗಣತಿ. ಆಗ ಕರ್ನಾಟಕದ ಜನಸಂಖ್ಯೆ 5,28,50,562. ಇದನ್ನ 224ರಿಂದ ಭಾಗಿಸಿದರೆ ಒಂದು ವಿಧಾನಸಭಾ ಕ್ಷೇತ್ರಕ್ಕೆ 2,35,940 ಜನ. ಚಿಕ್ಕಮಗಳೂರು ಜಿಲ್ಲೆಯಲ್ಲಿ ಇದ್ದದ್ದು 11,40,905. ಸರಾಸರಿಯಿಂದ ಭಾಗಿಸಿ, ಬರೋದು 4.84. ಹಾಗಾಗಿ 5 ಸ್ಥಾನ. ಉಡುಪಿಗೆ 4.71, ಅಲ್ಲಿಗೂ 5. ಹಾಸನಕ್ಕೆ 7.30, ಹಾಗಾಗಿ 7. ಶಿವಮೊಗ್ಗಕ್ಕೆ 6.96, ಅದೂ 7. ಬೆಂಗಳೂರು ನಗರ ಜಿಲ್ಲೆಯ 65,37,124 ಜನಕ್ಕೆ 27.71, ಅಂದರೆ 28. ಕ್ಯಾಲ್ಕುಲೇಟರ್ ಹಿಡಿದು ಅಂಗಡಿ ಗಲ್ಲಾದಲ್ಲಿ ಕೂತೇ ಯಾರು ಬೇಕಾದರೂ ಮಾಡಬಹುದಾದ ಲೆಕ್ಕ. ನಮ್ಮ ಕಡೆ ಬಿಟ್ಟುಹೋದ ಸ್ಥಾನಗಳು ಜನ ಹೆಚ್ಚಾದ ಕಡೆಗೆ ಹೋದವು, ಅದರಲ್ಲಿ ದೊಡ್ಡ ಪಾಲು ರಾಜಧಾನಿಗೆ.

ಈ ಆದೇಶ ಜಾರಿಗೆ ಬಂದದ್ದು 2008ರ ಫೆಬ್ರವರಿ 19ರಂದು. ಅದೇ ಮೇ ತಿಂಗಳ ಕರ್ನಾಟಕ ವಿಧಾನಸಭಾ ಚುನಾವಣೆ ದೇಶದಲ್ಲೇ ಮೊದಲು ಹೊಸ ಗಡಿಯಲ್ಲಿ ನಡೆದ ಚುನಾವಣೆ.

ಗಮನಿಸಿ, 2008ರಲ್ಲಿ ಬದಲಾಗಿದ್ದು ರಾಜ್ಯದ ಒಳಗಿನ ಗಡಿ ಮಾತ್ರ. ರಾಜ್ಯಕ್ಕೆ ಎಷ್ಟು ಎಂಪಿ ಅನ್ನೋದು ಬದಲಾಗಲಿಲ್ಲ. ಅದು 1971ರ ಜನಗಣತಿಗೇ ನಿಂತಿದೆ. ಕುಟುಂಬ ಯೋಜನೆ ಚೆನ್ನಾಗಿ ಮಾಡಿದ ರಾಜ್ಯಗಳಿಗೆ ಸ್ಥಾನ ಕಡಿಮೆ ಆಗಬಾರದು ಅಂತ 1976ರ 42ನೇ ತಿದ್ದುಪಡಿ ಸ್ಥಾನಗಳ ಸಂಖ್ಯೆಗೆ ಬೀಗ ಹಾಕಿತು. 84ನೇ ತಿದ್ದುಪಡಿ ಆ ಬೀಗವನ್ನ 2026ರ ನಂತರದ ಮೊದಲ ಜನಗಣತಿವರೆಗೆ ಮುಂದುವರಿಸಿತು.

ಬೀಗ ತೆಗೆಯೋ ಹೊತ್ತು ಬಂತು

ಮುಂದಿನ ಜನಗಣತಿಗೆ ಕೇಂದ್ರ ಸರ್ಕಾರ 2025ರ ಜೂನ್ 16ರಂದು ಅಧಿಸೂಚನೆ ಹೊರಡಿಸಿದೆ. ಲೆಕ್ಕಕ್ಕೆ ಹಿಡಿಯೋ ದಿನ 2027ರ ಮಾರ್ಚ್ 1. 2026 ದಾಟಿದ ಮೇಲೆ ನಡೆಯೋ ಮೊದಲ ಜನಗಣತಿ ಇದೇ. ಅಂದರೆ 2026ರ ಜನವರಿಯಲ್ಲಿ ಇದನ್ನ ಬರೆಯುವಾಗ ಇರೋ ಕಾನೂನಿನ ಪ್ರಕಾರ, ಈ ಅಂಕಿಅಂಶ ಪ್ರಕಟವಾದ ಮೇಲೆ ಬೀಗ ತೆರೆಯತ್ತೆ. ಮಹಿಳೆಯರಿಗೆ ಲೋಕಸಭೆ, ವಿಧಾನಸಭೆಯಲ್ಲಿ ಮೂರನೇ ಒಂದು ಭಾಗ ಮೀಸಲು ಕೊಡುವ 2023ರ 106ನೇ ತಿದ್ದುಪಡಿಯೂ ಜಾರಿಗೆ ಬರೋದು ಆ ಪುನರ್ವಿಂಗಡಣೆ ನಂತರವೇ.

ಟಿವಿಯಲ್ಲಿ ನಡೀತಿರೋ ಚರ್ಚೆಯೆಲ್ಲ ಉತ್ತರ-ದಕ್ಷಿಣದ್ದು. ಅದು ಸುಳ್ಳಲ್ಲ. ಈಗಿನ 543 ಸ್ಥಾನವನ್ನೇ 2011ರ ಜನಸಂಖ್ಯೆಗೆ ಸುಮ್ಮನೆ ತ್ರೈರಾಶಿ ಹಾಕಿದರೆ ಕೇರಳದ 20 ಸ್ಥಾನ ಸುಮಾರು 15ಕ್ಕೆ ಇಳಿಯತ್ತೆ, ತಮಿಳುನಾಡಿನ 39 ಸುಮಾರು 32 ಆಗತ್ತೆ. ಕರ್ನಾಟಕಕ್ಕೆ ಬರೋದು 27.4, ಅಂದರೆ ಈಗಿನ 28ರ ಆಸುಪಾಸು. ನಮಗೆ ಅವರಷ್ಟು ಏಟಿಲ್ಲ ಅಂತ ಕೆಲವರು ಸಮಾಧಾನ ಪಟ್ಟುಕೊಳ್ತಾರೆ. ಬೆಂಗಳೂರಲ್ಲಿ ಕೂತು ನೋಡಿದರೆ ಹಾಗೇ ಕಾಣತ್ತೆ. ಕಡೂರು, ಕೊಪ್ಪದಲ್ಲಿ ಕೂತು ನೋಡಿದರೆ ಕಾಣೋದು ಬೇರೆ.

2001ರಿಂದ 2011ರ ನಡುವೆ ರಾಜ್ಯದಲ್ಲಿ ಜನಸಂಖ್ಯೆ ಕಡಿಮೆಯಾದ ಒಂದೇ ಒಂದು ಜಿಲ್ಲೆ ನಮ್ಮದು. 11,40,905 ಇದ್ದದ್ದು 11,37,961 ಆಯ್ತು. ಅದೇ ಹತ್ತು ವರ್ಷದಲ್ಲಿ ಬೆಂಗಳೂರು ನಗರ ಜಿಲ್ಲೆ 65 ಲಕ್ಷದಿಂದ 96 ಲಕ್ಷಕ್ಕೆ ಏರಿತು. ರಾಜ್ಯದ ಒಟ್ಟು ಜನಸಂಖ್ಯೆ 6,10,95,297. ಅದನ್ನ 224ರಿಂದ ಭಾಗಿಸಿದರೆ ಸರಾಸರಿ 2,72,747. ಹಳೇ ಲೆಕ್ಕವನ್ನೇ ಈ ಅಂಕಿಗೆ ಹಾಕಿ ನೋಡಿ. ಚಿಕ್ಕಮಗಳೂರಿಗೆ ಬರೋದು 4.17. ಐದಲ್ಲ, ನಾಲ್ಕು. ಉಡುಪಿಗೆ 4.32, ಅಲ್ಲೂ ನಾಲ್ಕು. ಶಿವಮೊಗ್ಗಕ್ಕೆ 6.43, ಅಂದರೆ ಆರು. ಹಾಸನ 6.51, ಆರೋ ಏಳೋ ಅನ್ನೋ ಅಂಚಿನಲ್ಲಿ ಕೂತಿದೆ. ಬೆಂಗಳೂರಿಗೆ 35.

ಉತ್ತರದವರು ದಕ್ಷಿಣಕ್ಕೆ ಮಾಡ್ತಾರೆ ಅಂತ ನಾವು ಹೇಳೋ ಅನ್ಯಾಯವನ್ನೇ, ರಾಜ್ಯದ ಒಳಗೆ ಬೆಂಗಳೂರು ಮಲೆನಾಡಿಗೆ ಮಾಡತ್ತೆ. ಬೇಕಂತ ಅಲ್ಲ, ಲೆಕ್ಕದಿಂದ. ಆದರೆ ಇದರ ಬಗ್ಗೆ ಯಾವ ಪಕ್ಷದವರೂ ಬಾಯಿ ಬಿಟ್ಟಿದ್ದು ಕಾಣಲ್ಲ.

ಇನ್ನೊಂದು ತಮಾಷೆ ಇದೆ. ಚಿಕ್ಕಮಗಳೂರು 4, ಉಡುಪಿ 4 ಆದರೆ ಕೂಡಿಸಿ ಸರಿಯಾಗಿ 8. ಆಗ ಕಡೂರನ್ನ ಹಾಸನಕ್ಕೆ ಕೊಡುವ ಅಗತ್ಯವೇ ಇರಲ್ಲ, ಇಡೀ ಜಿಲ್ಲೆ ಒಂದೇ ಎಂಪಿ ಕೆಳಗೆ ಬರಬಹುದು. ಜಿಲ್ಲೆ ಒಂದಾಗತ್ತೆ, ಒಬ್ಬ ಶಾಸಕರನ್ನ ಕಳಕೊಂಡು. ಯಾವ ಕ್ಷೇತ್ರ ಹೋಗತ್ತೆ? ಬೀರೂರಿಗೆ ಆದದ್ದು ಈ ಸಲ ಯಾರಿಗೆ? ಅದು ಹೋಬಳಿ ಹೋಬಳಿ ಲೆಕ್ಕ ಹಾಕಿದಾಗಲೇ ಗೊತ್ತಾಗೋದು. ಇದೆಲ್ಲ 2011ರ ಅಂಕಿಗೆ, 224 ಮತ್ತು 28 ಹಾಗೇ ಉಳಿದರೆ ಅಂತ ನಾವು ಕಾಗದದ ಮೇಲೆ ಹಾಕಿದ ಲೆಕ್ಕ. ಸಂಸತ್ತು ಒಟ್ಟು ಸ್ಥಾನ ಹೆಚ್ಚು ಮಾಡಿದರೆ ನಮ್ಮ ಐದು ಐದಾಗೇ ಉಳಿಯಬಹುದು, ಆದರೆ ದೊಡ್ಡದಾದ ಸದನದಲ್ಲಿ ಆ ಐದರ ತೂಕ ಕಡಿಮೆಯೇ.

ಓಟು ಊರಲ್ಲಿ, ತಲೆ ಬೆಂಗಳೂರಲ್ಲಿ

ಕ್ಷೇತ್ರದ ಗಡಿಗೆ ಲೆಕ್ಕಕ್ಕೆ ಬರೋದು ಮತದಾರರ ಪಟ್ಟಿ ಅಲ್ಲ, ಜನಗಣತಿಯ ಜನಸಂಖ್ಯೆ. ಇದು ಬಹಳ ಜನಕ್ಕೆ ಗೊತ್ತಿಲ್ಲ. ಬೆಂಗಳೂರಲ್ಲಿ ಕೆಲಸ ಮಾಡ್ತಾ ಓಟು ಮಾತ್ರ ಊರಲ್ಲಿ ಇಟ್ಟುಕೊಂಡಿರೋರು ನಮ್ಮ ಪ್ರತಿ ಹಳ್ಳಿಯಲ್ಲೂ ಇದ್ದಾರೆ. ಚುನಾವಣೆ ದಿನ ಬಸ್ ತುಂಬಿಕೊಂಡು ಬರ್ತಾರೆ, ಸಂತೋಷ. ಆದರೆ ಗಣತಿಯಲ್ಲಿ ಅವರನ್ನ ಎಣಿಸೋದು ಅವರು ವಾಸ ಇರೋ ಬೆಂಗಳೂರಿನ ಮನೆಯಲ್ಲಿ. ಅದು ಸರಿಯಾದ ಪದ್ಧತಿಯೇ. ಎರಡು ಕಡೆ ಬರೆಸಿ ಅಂತ ಯಾರಾದರೂ ಹೇಳಿದರೆ ಕೇಳಬೇಡಿ, ಅದು ತಪ್ಪು. ಆದರೆ ಊರಲ್ಲೇ ಇರೋರು ಬಿಟ್ಟುಹೋಗಬಾರದು. ತೋಟದ ಲೈನ್ ಮನೆಗಳು, ಕಾಡಂಚಿನ ಒಂಟಿ ಮನೆಗಳು, ಅಂಗಡಿ ಮೇಲಿನ ಕೋಣೆಯಲ್ಲಿರೋ ಕೆಲಸದ ಹುಡುಗರು, ವರ್ಷಪೂರ್ತಿ ಇಲ್ಲೇ ಇರೋ ಹೊರರಾಜ್ಯದ ಕಾರ್ಮಿಕರು, ಇವರೆಲ್ಲ ನಮ್ಮ ಜಿಲ್ಲೆಯ ಲೆಕ್ಕಕ್ಕೆ ಸೇರಬೇಕಾದವರು. ಮೊದಲು ಮನೆಪಟ್ಟಿ, ಆಮೇಲೆ 2027ರ ಫೆಬ್ರವರಿಯಲ್ಲಿ ಜನರ ಎಣಿಕೆ. ಗಣತಿಯವರು ಬಂದಾಗ ಬಾಗಿಲು ಹಾಕಿದ್ದರೆ ನಷ್ಟ ಯಾರಿಗೆ ಅಂತ ಬಿಡಿಸಿ ಹೇಳಬೇಕಾಗಿಲ್ಲ.

ಆಕ್ಷೇಪಣೆ ಹೇಗೆ, ಯಾವಾಗ?

ಹೊಸ ಆಯೋಗಕ್ಕೆ ಹೊಸ ಕಾಯ್ದೆ ಬರಬೇಕು, ಹಾಗಾಗಿ ಸಣ್ಣಪುಟ್ಟ ವಿವರ ಬದಲಾಗಬಹುದು. 2002ರ ಕಾಯ್ದೆಯಲ್ಲಿ ಇದ್ದ ದಾರಿ ಇದು: ಆಯೋಗ ಕರಡು ತಯಾರಿಸಿ ಗೆಜೆಟ್‌ನಲ್ಲಿ ಪ್ರಕಟಿಸಬೇಕು. ಸಹ ಸದಸ್ಯರಾದ ಎಂಪಿ, ಎಂಎಲ್ಎಗಳಲ್ಲಿ ಯಾರಿಗಾದರೂ ಭಿನ್ನಾಭಿಪ್ರಾಯ ಇದ್ದು ಪ್ರಕಟಿಸಿ ಅಂತ ಕೇಳಿದರೆ ಅದನ್ನೂ ಜೊತೆಗೆ ಪ್ರಕಟಿಸಬೇಕು. ಆಕ್ಷೇಪಣೆಗೆ ದಿನ ಗೊತ್ತು ಮಾಡಬೇಕು, ರಾಜ್ಯದ ಒಂದೋ ಹೆಚ್ಚೋ ಊರಲ್ಲಿ ಬಹಿರಂಗ ಸಭೆ ನಡೆಸಿ ಜನರ ಮಾತು ಕೇಳಬೇಕು. ಆಮೇಲೆ ಅಂತಿಮ ಆದೇಶ.

ಅಂತಿಮ ಆದೇಶ ಬಂದ ಮೇಲೆ ಕಥೆ ಮುಗಿದ ಹಾಗೇ. ಅದಕ್ಕೆ ಕಾನೂನಿನ ಬಲ ಇದೆ. ಲೋಕಸಭೆ, ವಿಧಾನಸಭೆ ಮುಂದೆ ಇಡ್ತಾರೆ, ಆದರೆ ಅವರು ಒಂದು ಅಕ್ಷರವನ್ನೂ ತಿದ್ದುವ ಹಾಗಿಲ್ಲ. ಸಂವಿಧಾನದ 329ನೇ ವಿಧಿ ಕೋರ್ಟಿಗೂ ತಡೆ ಹಾಕಿದೆ, 1966ರಲ್ಲಿ ಸುಪ್ರೀಂ ಕೋರ್ಟೇ ಇದನ್ನ ಒಪ್ಪಿದೆ. 2024ರಲ್ಲಿ ಅದೇ ಕೋರ್ಟು, ಆದೇಶ ತೀರಾ ಮನಸೋ ಇಚ್ಛೆ ಮಾಡಿದ್ದಾಗಿದ್ದರೆ ಪರಿಶೀಲಿಸಬಹುದು ಅಂತ ಹೇಳಿದೆ. ಕಿಟಕಿ ತೆರೆದಿದೆ, ಬಾಗಿಲಲ್ಲ.

ಹಾಗಾಗಿ ಮಾತಾಡಬೇಕಾದ್ದು ಕರಡು ಬಂದಾಗಲೇ. ಬಂದ್ ಮಾಡಿ ಅಂಗಡಿ ಮುಚ್ಚಿಸಿದರೆ ಆಯೋಗದ ಕಡತಕ್ಕೆ ಏನೂ ಸೇರಲ್ಲ, ವ್ಯಾಪಾರ ಹೋಗತ್ತೆ ಅಷ್ಟೆ. "ನಮ್ಮ ಊರಿಗೆ ಅನ್ಯಾಯ" ಅಂತ ಒಂದು ಸಾಲಿನ ಮನವಿಗೂ ಬೆಲೆ ಕಡಿಮೆ. 9ನೇ ಕಲಂ ಹೇಳಿದ ಅಂಶಗಳ ಮೇಲೆ ಬರೆದರೆ ತೂಕ: ನಮ್ಮ ಹೋಬಳಿಯಿಂದ ಪ್ರಸ್ತಾಪಿತ ಕ್ಷೇತ್ರ ಕೇಂದ್ರಕ್ಕೆ ಎಷ್ಟು ಕಿಲೋಮೀಟರ್, ನೇರ ಬಸ್ ಇದೆಯಾ, ಮಳೆಗಾಲದಲ್ಲಿ ಘಾಟಿ ರಸ್ತೆ ಎಷ್ಟು ದಿನ ಬಂದ್ ಆಗತ್ತೆ, ತಾಲ್ಲೂಕು ಕಚೇರಿ, ಆಸ್ಪತ್ರೆ, ಎಪಿಎಂಸಿಗೆ ಜನ ಹೋಗೋದು ಯಾವ ಕಡೆ, ನಮ್ಮನ್ನ ಈ ಕಡೆ ಸೇರಿಸಿದರೂ ಜನಸಂಖ್ಯೆ ಶೇ 10ರ ಮಿತಿಯಲ್ಲಿ ಉಳಿಯತ್ತಾ. ಕೊನೆಯದ್ದೇ ಮುಖ್ಯ. ಒಂದು ಹೋಬಳಿ ತೆಗೆದರೆ ಇನ್ನೊಂದು ಎಲ್ಲಿಂದ ಸೇರಿಸಬೇಕು ಅಂತಲೂ ಸೇರಿಸಿ ಕೊಟ್ಟವರ ಅರ್ಜಿಯನ್ನ ಸುಲಭಕ್ಕೆ ಪಕ್ಕಕ್ಕಿಡೋಕೆ ಆಗಲ್ಲ. ಗ್ರಾಮ ಪಂಚಾಯ್ತಿ ನಿರ್ಣಯ, ವರ್ತಕರ ಸಂಘದ ಪತ್ರ ಜೊತೆಗಿದ್ದರೆ ಇನ್ನೂ ಒಳ್ಳೆಯದು.

ಹೋಬಳಿವಾರು, ಗ್ರಾಮವಾರು ಜನಸಂಖ್ಯೆ 2011ರದ್ದು ಜನಗಣತಿ ಇಲಾಖೆಯ ಜಿಲ್ಲಾ ಕೈಪಿಡಿಯಲ್ಲಿ ಸಿಗತ್ತೆ. 2008ರ ಆದೇಶ ಚುನಾವಣಾ ಆಯೋಗದ ಜಾಲತಾಣದಲ್ಲಿದೆ, ಅದರಲ್ಲಿ ನಿಮ್ಮ ಹೋಬಳಿ ಯಾವ ಕ್ಷೇತ್ರದಲ್ಲಿ ಅಂತ ಬರೆದಿದೆ. ಹುಡುಕುವಾಗ ಶೃಂಗೇರಿ 123, ಮೂಡಿಗೆರೆ 124, ಚಿಕ್ಕಮಗಳೂರು 125, ತರೀಕೆರೆ 126, ಕಡೂರು 127ನೇ ಸಂಖ್ಯೆಯಲ್ಲಿ ನೋಡಿ. ಲೋಕಸಭೆಯದ್ದಾದರೆ ಉಡುಪಿ-ಚಿಕ್ಕಮಗಳೂರು 15, ಹಾಸನ 16.